ಆರನೆಯ ಮೆಟ್ಟಿಲು

ಕುರುಮ್‌ನ ಕಾಂಡ್ಲಾ ಬೇರಿನ ಕೆಸರನ್ನು
ಹಾಲಿನಪುಡಿ ಡಬ್ಬಿಯಲ್ಲಿ ತುಂಬಿ ತರುವವನು ಖಲ್ಫಾನ್.
ಅರಬಿಯಲ್ಲಿ ಪಕಾರವಿಲ್ಲ, ಹಾಗಾಗಿ
ಈ ಮಸ್ಕತ್ತಿನಲ್ಲಿ ನಾನು ಬ್ರಫುಲ್ಲಾ.
ಹನ್ನೊಂದು ವರ್ಷದಿಂದ ತಿದ್ದಿಲ್ಲ.

ಆ ಕೆಸರಲ್ಲಿತ್ತು ಇದು:
ತಟ್ಟೆಯ ನಡುವೆ ಹಸಿರು ಚುಕ್ಕಿ, ಸುತ್ತ ಬಿಳಿ ತುಪ್ಪಳ.
ಉಪ್ಪಿನಕಾಯಿ ಭರಣಿಯಲ್ಲಿ ಕಂಡಿದ್ದರೆ ಅಮ್ಮ
ಒದ್ದೆ ಸೌಟು ಹಾಕಿದ್ದು ಯಾರೆಂದು
ಮನೆಮಂದಿಯನ್ನೆಲ್ಲ ಕಟಕಟೆಗೆ ನಿಲ್ಲಿಸುತ್ತಿದ್ದಳು.
ಇಲ್ಲಿ ಡಾಕ್ಟರ್ ರಯ್ಯಾ ಉಸಿರು ಬಿಗಿಹಿಡಿದು
ಮುಚ್ಚಳ ಎತ್ತುತ್ತಾರೆ.
ಬೂಷ್ಟಿಗೆ ಇಷ್ಟು ಮರ್ಯಾದೆ ನಾನೆಲ್ಲೂ ನೋಡಿರಲಿಲ್ಲ.

ಅದು ಬೆವರಿದ್ದನ್ನು ಸೋಸಿ, ಒಣಗಿಸಿ, ಮತ್ತೆ ಸೋಸಿ
ಕೊನೆಗೆ ಉಳಿದದ್ದು ಚಿಟಿಕೆ ಪುಡಿ.
ಅದರ ಹೆಸರು ಹದಿನೇಳು.
ಮೊದಲ ಹದಿನಾರು ಯಾತಕ್ಕೂ ಬಾರದೆ ಸಿಂಕಿಗೆ ಹೋದವು.

ಸಕ್ಕರೆ ಇಳಿಯಲು ಹತ್ತು ಮೆಟ್ಟಿಲು.
ಒಂದೊಂದರಲ್ಲೂ ಒಂದು ಕಿಣ್ವ
ಪಡೆದು, ಮುರಿದು, ಕೆಳಗೆ ದಾಟಿಸುತ್ತದೆ.
ನಿಮ್ಮ ಜೀವಕೋಶ, ನನ್ನದು, ಸಾವಕಾಶ ಉಣ್ಣುತ್ತವೆ
ಗಾಳಿ ಬೆರೆಸಿ, ತಳ ಕಾಣುವವರೆಗೆ.
ಕ್ಯಾನ್ಸರಿನ ಕೋಶಕ್ಕೆ ಆ ವ್ಯವಧಾನವಿಲ್ಲ.
ಮದುವೆಮನೆಯ ಮೊದಲ ಪಂಕ್ತಿಗೆ ನುಗ್ಗಿ ಕೂತು
ಅರ್ಧ ತಿಂದು, ಅರ್ಧ ಚೆಲ್ಲಿ
ಇನ್ನೊಂದೆಲೆಗೆ ಕೈಚಾಚುವವನ ಹಾಗೆ:
ಗಾಳಿ ಇದ್ದರೂ ಬೇಡ, ಬಡಿಸು ಸಕ್ಕರೆ, ಇನ್ನೂ ಸಕ್ಕರೆ.

ಹದಿನೇಳು ಹೋಗಿ ಆರನೆಯ ಮೆಟ್ಟಿಲಲ್ಲಿ ಕೂತುಬಿಡುತ್ತದೆ.
ಗದ್ದಲವಿಲ್ಲ. ಅಲ್ಲಿರುವ ಕಿಣ್ವದ ಕೈ ಹಿಡಿಯುತ್ತದೆ,
ಬಿಡುವುದಿಲ್ಲ.
ಮೇಲೆ ಸಕ್ಕರೆಯ ರಾಶಿ. ಕೆಳಗೆ ಹಸಿವು.

ಬೂಷ್ಟಿಗೂ ಇರುವುದು ಅದೇ ಹತ್ತಲ್ಲವೇ, ಕೇಳಿದೆ.
ರಯ್ಯಾ ನಕ್ಕರು: ಅದರ ಆರನೆಯ ಕಾವಲಿಗೆ
ಈ ಕೈಗೆ ಸಿಗದವನೊಬ್ಬನನ್ನು ಇಟ್ಟುಕೊಂಡಿದೆ.
ವಿಷ ಕಾಯಿಸುವ ಮೊದಲೇ
ತನ್ನ ಮನೆಯ ಬೀಗ ಬದಲಿಸಿದೆ.
ನಾವು ಬದಲಿಸಿಲ್ಲ.
ನಮ್ಮ ಒಳ್ಳೆಯ ಕೋಶಕ್ಕೂ ಹಳೆಯ ಬೀಗವೇ.
ಅದಕ್ಕೇ ತಟ್ಟೆಯಿಂದ ಮೈಗೆ ಇಷ್ಟು ದೂರ.

ಇನ್‌ಕ್ಯುಬೇಟರಿನಲ್ಲಿ ಮೂವತ್ತೇಳು ಡಿಗ್ರಿ.
ಹೊರಗೆ ನಡುರಾತ್ರಿಯಲ್ಲೂ ಅಷ್ಟೇ;
ಊರಿಗೆ ಊರೇ ಮೈಯ ಶಾಖ.
ಬೆಳಿಗ್ಗೆ ಬಣ್ಣ ನೋಡುವುದು ನನ್ನ ಕೆಲಸ.
ಕೋಶ ತಿಂದಷ್ಟೂ ಹುಳಿ ಉಗುಳುತ್ತದೆ,
ಕೆಂಪು ನೀರು ಹಳದಿಗೆ ತಿರುಗುತ್ತದೆ.
ಅರಶಿನಕ್ಕೆ ಸುಣ್ಣ ಕದಡಿ ಕೆಂಪು ಮಾಡಿ
ನಮ್ಮ ಮುಖಕ್ಕೆ ನಿವಾಳಿಸಿ ಚೆಲ್ಲುತ್ತಿದ್ದ ದೊಡ್ಡಮ್ಮನಿಗೆ
ಇದನ್ನು ಬಿಡಿಸಿ ಹೇಳಬೇಕಿರಲಿಲ್ಲ.

ಎಡಸಾಲಿನ ಗುಳಿಗಳೆಲ್ಲ ಹಳದಿ.
ಬಲಸಾಲು ಕೆಂಪು.
ಎರಡನೆಯ ದಿನವೂ ಕೆಂಪು.
ಮೂರನೆಯ ದಿನ ನನಗೆ ಕುರ್ಚಿ ಬೇಕಾಯಿತು.

ಗಾಜಿನಾಚೆ ಖಲ್ಫಾನ್ ನಿಂತಿದ್ದ.
ಕೆಂಪು ಒಳ್ಳೆಯದೋ?
ಒಳ್ಳೆಯದು.
ಶಮ್ಸಾಳಿಗೆ?

ಆಗಲೇ ನನಗೆ ಗೊತ್ತಾದದ್ದು
ಅವನ ಹೆಂಡತಿ ವಾರ್ಡಿನಲ್ಲಿದ್ದಾಳೆಂದು,
ಖರ್ಜೂರ ಬಾಯಿಗಿಟ್ಟರೂ ವಾಂತಿಯೆಂದು.
ಹನ್ನೊಂದು ವರ್ಷ ಅವನ ಹೆಸರಿನೆದುರು ಬರೆದದ್ದು
ದಿನಾಂಕ, ಆಳ, ಉಪ್ಪು.

ನನ್ನ ಅರಬಿಯಲ್ಲಿ ಟ್ಯಾಕ್ಸಿಗೆ, ಬಾಡಿಗೆಯ ಚೌಕಾಸಿಗೆ ಮಾತುಗಳಿವೆ.
ಇನ್ನು ಹತ್ತು ವರ್ಷ ಬೇಕು ಎನ್ನಲೂ ಬರುತ್ತದೆ,
ಅನ್ನಲಿಲ್ಲ.
ತಟ್ಟೆ ಮೈಯಲ್ಲ, ಅಂದೆ.
ಊಟದ ತಟ್ಟೆಗೆ ಅನ್ನುವ ಪದವನ್ನೇ ಅಂದಿದ್ದೆ.
ಅವನು ತನ್ನ ಅಂಗೈ ನೋಡಿಕೊಂಡ,
ಬಡಿಸಿದ್ದನ್ನು ಯಾರೋ ಎತ್ತಿಕೊಂಡು ಹೋದ ಹಾಗೆ.

ಖರ್ಜೂರ ಹಣ್ಣಾಗುವ ಹೊತ್ತಿಗೆ
ಎರಡು ವಾರ ಕೆಸರು ಬರಲಿಲ್ಲ.
ಮೂರನೆಯ ವಾರ ಬಂತು. ಅದೇ ಡಬ್ಬಿ,
ಇಳಿತದ ಹೊತ್ತು ಬರೆದ ಚೀಟಿ.
ನಾನು ಕೇಳಲಿಲ್ಲ. ಅವನು ಹೇಳಲಿಲ್ಲ.
ಯಾವತ್ತಿಗಿಂತ ಆಳದಿಂದ ತೆಗೆದಿದ್ದ;
ಭುಜದವರೆಗೂ ಕೆಸರು ಒಣಗಿ ಬಿರಿದಿತ್ತು.

ಹದಿನೇಳು ಇಲಿಗಳ ಕೋಣೆಗೆ ಹೋದ ದಿನವದು.

ಬ್ರಫುಲ್ಲಾ, ಅಂದ,
ಇನ್ನೊಂದು ಡಬ್ಬಿ ಕೊಡು.